ತಿದ್ದು: ಸರಿ ಮಾಡೋದಕ್ಕೂ ಅದೇ ಪದ, ಮೋಸ ಮಾಡೋದಕ್ಕೂ ಅದೇ ಪದ

ಪೇಪರಲ್ಲಿ ದಿನಾ ಬರೋ ಎರಡು ಥರದ ಸುದ್ದಿ ಪಕ್ಕ ಪಕ್ಕ ಇಟ್ಟು ನೋಡಿ. ಆಧಾರ್ ತಿದ್ದುಪಡಿಗೆ ಜನ ಸಾಲು ನಿಂತ್ರು, ಪಹಣಿ ತಿದ್ದುಪಡಿಗೆ ಅದಾಲತ್ ಮಾಡ್ತಾರೆ, ರೇಷನ್ ಕಾರ್ಡ್ ತಿದ್ದುಪಡಿಗೆ ಮತ್ತೆ ಅವಕಾಶ, ಇದೊಂದು ಥರ. ದಾಖಲೆ ತಿದ್ದಿ ಜಮೀನು ಹೊಡೆದ್ರು, ಅಂಕಪಟ್ಟಿ ತಿದ್ದಿ ಕೆಲಸ ಗಿಟ್ಟಿಸಿದವನನ್ನ ಹಿಡಿದ್ರು, ಇದು ಇನ್ನೊಂದು ಥರ. ಮೊದಲನೇದು ಸರ್ಕಾರ ಜನರಿಗೆ ಮಾಡಿಕೊಡೋ ಕೆಲಸ, ಎರಡನೇದಕ್ಕೆ ಜೈಲು. ಆದ್ರೆ ಎರಡಕ್ಕೂ ನಾವು ಬಳಸೋ ಕ್ರಿಯಾಪದ ಒಂದೇ, ತಿದ್ದು. ಓದುವಾಗ ನಮಗೆ ಗೊಂದಲ ಆಗಲ್ಲ ಯಾಕಂದ್ರೆ ಸುತ್ತಲಿನ ಮಾತು ಅರ್ಥ ಕೊಡುತ್ತೆ, ಆದ್ರೆ ಸ್ವಲ್ಪ ನಿಂತು ಯೋಚಿಸಿದ್ರೆ ಈ ಪದ ಸರಿ ಆಯ್ತು ಅಂತ ಯಾವತ್ತೂ ಮಾತು ಕೊಟ್ಟೇ ಇಲ್ಲ ಅನ್ನೋದು ಕಾಣುತ್ತೆ. ಯಾರೋ ಒಬ್ಬರ ಕೈ, ಇದ್ದ ಬರಹದ ಮೇಲೆ, ಒಂದು ಮಾದರಿಗೆ ಹೊಂದೋ ಹಾಗೆ ಓಡಾಡಿತು, ಅಷ್ಟನ್ನ ಮಾತ್ರ ಅದು ಹೇಳೋದು. ಆ ಮಾದರಿ ಯಾರದ್ದು, ಆ ಕೈ ಯಾರದ್ದು ಅಂತ ನಾವೇ ಕೇಳಬೇಕು.

ಇದು ಬರೀ ನಿಘಂಟು ಹಿಡ್ಕೊಂಡು ಕೂತವರ ಚರ್ಚೆ ಅಂತ ನನಗೆ ಅನಿಸಲ್ಲ. ಈಗ ನಮ್ಮ ಹೆಸರು, ಹುಟ್ಟಿದ ತಾರೀಖು, ಜಮೀನು, ವೋಟು, ಮಕ್ಕಳ ಪಾಠ, ಸಂವಿಧಾನ ಎಲ್ಲವೂ ಒಂದಲ್ಲ ಒಂದು ತಿದ್ದುಪಡಿ ಅಥವಾ ಪರಿಷ್ಕರಣೆ ಅನ್ನೋ ಹೆಸರಿನ ಕೆಳಗೆ ಬದಲಾಗ್ತಾ ಇವೆ. ಪದ ಕೇಳೋಕೆ ಮೆತ್ತಗಿದೆ, ಸ್ಕೂಲ್ ಮೇಷ್ಟ್ರು ಕೆಂಪು ಪೆನ್ನಲ್ಲಿ ಮಾಡೋ ಕೆಲಸದ ಥರ ಕೇಳಿಸುತ್ತೆ, ಅದಕ್ಕೇ ನಾವು ಪ್ರಶ್ನೆ ಕೇಳೋದು ಕಮ್ಮಿ.

ಮೊದಲು ಅರ್ಥ ನೋಡೋಣ. ಮಗುವಿಗೆ ಓದು ಬರಹ ಶುರು ಮಾಡಿಸೋವಾಗ ಅಕ್ಷರ ತಿದ್ದಿಸೋದು ಅಂತೀವಿ. ದೊಡ್ಡವರು ಸ್ಲೇಟಿನ ಮೇಲೆ ದಪ್ಪಗೆ ಅ ಬರೆದುಕೊಡ್ತಾರೆ, ಮಗು ಅದರ ಮೇಲೇ ಬಳಪ ಇಟ್ಟು ಮತ್ತೆ ಮತ್ತೆ ಎಳೀತಾ ಹೋಗುತ್ತೆ, ಅಕ್ಷರ ದಪ್ಪ ಆಗ್ತಾ ಆಗ್ತಾ ಕೊನೆಗೆ ಅ ಯಾವುದು ಗೆರೆ ಯಾವುದು ಗೊತ್ತಾಗದಷ್ಟು ಬೆಳ್ಳಗಾಗಿಬಿಡುತ್ತೆ. ಇಲ್ಲಿ ತಪ್ಪು ಎಲ್ಲಿದೆ ಹೇಳಿ? ಬರೆದುಕೊಟ್ಟ ಅ ಸರಿಯಾಗೇ ಇತ್ತು. ಆದ್ರೂ ಅದನ್ನ ತಿದ್ದೋದು ಅಂತಾನೇ ಕರೀತೀವಿ. ನನ್ನ ಪ್ರಕಾರ ಈ ಪದದ ಒಳಗಿನ ಅರ್ಥ ಇಲ್ಲೇ ಸಿಗೋದು, ಒಂದು ಗೆರೆ ಮೊದಲೇ ಇದೆ, ಆ ಗೆರೆಗೆ ಕೈಯನ್ನ ಹೊಂದಿಸಬೇಕು. ತಪ್ಪು ಇರಬಹುದು, ಇಲ್ಲದೇನೂ ಇರಬಹುದು.

ಉಳಿದ ಬಳಕೆಗಳೂ ಇದನ್ನೇ ಹೇಳುತ್ವೆ. ಹಣೆಗೆ ತಿಲಕ ತಿದ್ದೋದು, ಹುಬ್ಬು ತಿದ್ದೋದು, ಇವು ಅಂದಕ್ಕೆ ಸಂಬಂಧಪಟ್ಟಿದ್ದು, ಹಣೆ ತಪ್ಪಾಗಿತ್ತು ಅಂತ ಅಲ್ಲಿ ಯಾರೂ ಹೇಳ್ತಿಲ್ಲ. ಕರಡು ತಿದ್ದೋದು, ಉತ್ತರ ಪತ್ರಿಕೆ ತಿದ್ದೋದು, ಇವು ಬರಹದ ಮೇಲೆ ಕಣ್ಣಾಡಿಸಿ ಗುರುತು ಹಾಕೋದು. ಮಗನ ನಡತೆ ತಿದ್ದೋದು, ತಪ್ಪನ್ನ ತಿದ್ದಿಕೊಳ್ಳೋದು, ಇಲ್ಲಿ ಗೆರೆ ಅನ್ನೋದು ಸ್ಲೇಟಿಂದ ಎದ್ದು ಬದುಕಿಗೆ ಬಂದಿದೆ. ತಿದ್ದಿ ತೀಡಿ ಅಂತ ಜೋಡಿಯಾಗಿ ಹೇಳೋದೂ ಉಂಟು, ತೀಡು ಅಂದ್ರೆ ಉಜ್ಜಿ ನಯ ಮಾಡೋದು, ಎರಡೂ ಸೇರಿದ್ರೆ ಆಕಾರ ಕೊಟ್ಟು ಹೊಳಪೂ ಕೊಟ್ಟ ಹಾಗೆ. ಆದ್ರೆ ಕೆಟ್ಟುಹೋದ ಪಂಪ್‌ಸೆಟ್ಟನ್ನ ಯಾರೂ ತಿದ್ದಲ್ಲ, ರಿಪೇರಿ ಮಾಡಿಸ್ತಾರೆ. ಸೋರೋ ಮಾಡನ್ನ ತಿದ್ದಲ್ಲ. ಮುರಿದ ಕಾಲನ್ನ ತಿದ್ದಲ್ಲ. ಕೆಲಸ ನಿಲ್ಲಿಸಿದ ವಸ್ತುವಿಗೆ ಈ ಪದ ಸೇರೋದೇ ಇಲ್ಲ, ರೂಪ ಇರೋದಕ್ಕೆ, ಬರಹಕ್ಕೆ, ನಡೆನುಡಿಗೆ ಮಾತ್ರ. ಇದನ್ನ ಸ್ವಲ್ಪ ನೆನಪಲ್ಲಿ ಇಟ್ಕೊಳ್ಳಿ, ಮುಂದೆ ದಾಖಲೆಗಳ ವಿಷಯ ಬರುವಾಗ ಬೇಕಾಗುತ್ತೆ, ಯಾಕಂದ್ರೆ ಪಂಪ್ ಸರಿ ಆಯ್ತೋ ಇಲ್ವೋ ಅಂತ ನೀರು ಬಂದ್ರೆ ಗೊತ್ತಾಗುತ್ತೆ, ಬರಹ ಸರಿ ಆಯ್ತೋ ಇಲ್ವೋ ಅಂತ ಬರಹ ನೋಡಿ ಗೊತ್ತಾಗಲ್ಲ.

ಇನ್ನು ಮೂಲ. ಹಳಗನ್ನಡದಲ್ಲಿ ಇದು ತಿರ್ದು ಅಂತ ಇತ್ತು. ಮಧ್ಯದಲ್ಲಿದ್ದ ರ್ ಮುಂದಿನ ವ್ಯಂಜನದ ಜೊತೆ ಬೆರೆತು ಒತ್ತಕ್ಷರ ಆಗೋದು ಕನ್ನಡದಲ್ಲಿ ತುಂಬಾ ದೊಡ್ಡ ಮಟ್ಟದಲ್ಲಿ ನಡೆದ ಬದಲಾವಣೆ, ಇರ್ದಂ ಅನ್ನೋದು ಇದ್ದ ಆಯ್ತು, ಪೆರ್ಚು ಅನ್ನೋದು ಹೆಚ್ಚು ಆಯ್ತು, ಕರ್ಚು ಕಚ್ಚು ಆಯ್ತು, ಮರ್ದು ಮದ್ದು ಆಯ್ತು, ಅದೇ ದಾರಿಯಲ್ಲಿ ತಿರ್ದು ತಿದ್ದು ಆಯ್ತು. ತಮಿಳಲ್ಲಿ ನೋಡಿದ್ರೆ ಆ ರ ಇನ್ನೂ ಉಳಿದಿದೆ, ನಮ್ಮ ಮದ್ದು ಅವರಿಗೆ ಮರುಂದು, ನಮ್ಮ ಇದ್ದ ಅವರಿಗೆ ಇರುಂದ, ನಮ್ಮ ತಿದ್ದು ಅವರಿಗೆ ತಿರುತ್ತು. ಮಲಯಾಳದಲ್ಲೂ ತಿರುತ್ತುಗ ಅಂತ ಇದೆ. ತೆಲುಗಲ್ಲಿ ದಿದ್ದು, ಅವರೂ ಅಕ್ಷರಗಳನ್ನ ದಿದ್ದುತ್ತಾರೆ, ಬೊಟ್ಟನ್ನ ದಿದ್ದುತ್ತಾರೆ, ಅಂದ್ರೆ ಸ್ಲೇಟು ಮತ್ತು ಹಣೆ ಎರಡೂ ಬಳಕೆ ಆ ಕಡೆಗೂ ಇದೆ. ಟಿ. ಬರೋ ಮತ್ತು ಎಂ.ಬಿ. ಎಮೆನೋ ಅನ್ನೋ ಇಬ್ಬರು ಭಾಷಾವಿಜ್ಞಾನಿಗಳು 1961ರಲ್ಲಿ ಹೊರತಂದ ದ್ರಾವಿಡ ನಿಘಂಟು ಇವುಗಳನ್ನೆಲ್ಲ ಒಂದೇ ಗುಂಪಿಗೆ ಸೇರಿಸುತ್ತೆ. ಅಲ್ಲಿಗೆ ಇದು ಸಂಸ್ಕೃತದಿಂದ ಬಂದಿದ್ದಲ್ಲ, ಮರಾಠಿ ಪಾರ್ಸಿ ಕಡೆಯಿಂದ ಬಂದಿದ್ದಲ್ಲ, ನಮ್ಮ ಮನೆ ಪದ, ಅದೂ ತುಂಬಾ ಹಳೇದು.

ತಮಿಳಲ್ಲಿ ಇನ್ನೊಂದು ಸಂಗತಿ ಇದೆ, ಅದು ನನಗೆ ತುಂಬಾ ಹಿಡಿಸುತ್ತೆ. ಅವರಿಗೆ ಜೋಡಿ ಪದ ಇದೆ. ತಿರುಂದು ಅಂದ್ರೆ ತಾನೇ ಸರಿಹೋಗು, ತಿರುತ್ತು ಅಂದ್ರೆ ಇನ್ನೊಂದನ್ನ ಸರಿ ಮಾಡು. ಪೊರುಂದು ಅಂದ್ರೆ ಹೊಂದಿಕೊ, ಪೊರುತ್ತು ಅಂದ್ರೆ ಹೊಂದಿಸು, ಅದೇ ಅಚ್ಚು. ಹಾಗಾಗಿ ಅವನು ತಿರುಂದಿದ ಅಂದ್ರೆ ಅವನಾಗಿ ಒಳ್ಳೆಯವನಾದ, ಅವನನ್ನ ತಿರುತ್ತಿದ್ರು ಅಂದ್ರೆ ಬೇರೆಯವರು ಹಿಡಿದು ಸರಿ ಮಾಡಿದ್ರು. ಇವತ್ತಿನ ಕನ್ನಡದಲ್ಲಿ ನಮಗೆ ಎರಡನೇದು ಮಾತ್ರ ಇದೆ, ತಿದ್ದು ಅಂದ್ರೆ ಯಾರೋ ಏನನ್ನೋ ತಿದ್ದಲೇಬೇಕು. ತಾನೇ ಸರಿಹೋಗೋದನ್ನ ಹೇಳೋಕೆ ತಿದ್ದಿಕೊ ಅಂತ ಕೊಳ್ಳು ಸೇರಿಸಬೇಕು. ಆದ್ರೆ ತಿದ್ದುಪಡಿ ಅನ್ನೋ ನಾಮಪದಕ್ಕೆ ಬಂದ ಕೂಡ್ಲೇ ಆ ತಿದ್ದಿದವನು ಮಾಯ ಆಗಿಬಿಡ್ತಾನೆ. ತಿದ್ದುಪಡಿ ಆಗಿದೆ ಸಾರ್, ಅಷ್ಟೇ. ಯಾರು ಮಾಡಿದ್ರು ಅಂತ ಹೇಳೋ ಅಗತ್ಯ ಇಲ್ಲದೇ ವಾಕ್ಯ ಮುಗಿಯುತ್ತೆ. ಆಫೀಸಿನ ಕನ್ನಡಕ್ಕೆ ಈ ಪದ ಯಾಕೆ ಇಷ್ಟ ಅಂತ ಇದರಿಂದಾನೇ ಅರ್ಥ ಆಗುತ್ತೆ.

ತಿರುಚು ಅನ್ನೋ ಪದದ ಬಗ್ಗೆ ಒಂದು ಮಾತು. ಹೇಳಿಕೆ ತಿರುಚಿದ್ದಾರೆ, ಇತಿಹಾಸ ತಿರುಚಿದ್ದಾರೆ ಅಂತ ದಿನಾ ಕೇಳ್ತೀವಿ, ತಿರ್ದು ತಿರುಚು ಎರಡೂ ಅಕ್ಕತಂಗಿಯರ ಥರ ಕಾಣುತ್ತೆ, ಆದ್ರೆ ನಿಘಂಟಿನಲ್ಲಿ ಅವು ಬೇರೆ ಬೇರೆ ಗುಂಪು, ತಿರುಚು ಸೇರೋದು ತಿರುಗು ತಿರುವು ಇರೋ ಮನೆಗೆ. ಬೇರು ಬೇರೆ ಆದ್ರೂ ಬಳಕೆಯಲ್ಲಿ ಈ ಎರಡೂ ಒಂದಕ್ಕೊಂದು ಎದುರುಬದುರು ನಿಂತಿವೆ, ಒಬ್ಬರು ತಿದ್ದಿದ್ದೀವಿ ಅಂದಿದ್ದನ್ನ ಇನ್ನೊಬ್ಬರು ತಿರುಚಿದ್ದಾರೆ ಅಂತಾರೆ. 2022ರಲ್ಲಿ ನಮ್ಮ ಶಾಲಾ ಪಠ್ಯಪುಸ್ತಕಗಳ ವಿಷಯದಲ್ಲಿ ಆಗಿದ್ದು ಇದೇ. ಪರಿಷ್ಕರಣೆ ಅಂತ ಒಂದು ಕಡೆ, ತಿರುಚುವಿಕೆ ಅಂತ ಇನ್ನೊಂದು ಕಡೆ, 2023ರಲ್ಲಿ ಸರ್ಕಾರ ಬದಲಾದ ಮೇಲೆ ಆ ಬದಲಾವಣೆಗಳನ್ನ ವಾಪಸ್ ತಗೊಳ್ಳೋದಕ್ಕೂ ಪರಿಷ್ಕರಣೆ ಅಂತಾನೇ ಹೆಸರು. ಯಾವ ಪಾಠ ಇರಬೇಕು ಅನ್ನೋದರಲ್ಲಿ ನನಗೂ ಒಂದು ಅಭಿಪ್ರಾಯ ಇದೆ, ಇಲ್ಲಿ ಅದು ಬೇಡ. ಒಂದು ವರ್ಷ ಒಂದು ಪುಸ್ತಕ ಓದಿದ ಮಕ್ಕಳ ತಮ್ಮಂದಿರಿಗೆ ಮುಂದಿನ ವರ್ಷ ಬೇರೆ ಪಾಠ ಬಂತು, ಎರಡೂ ಸಲ ಸರಿ ಮಾಡಿದ್ದೀವಿ ಅಂತಾನೇ ಅವರಿಗೆ ಹೇಳಿದ್ರು ಅನ್ನೋದು ನನಗೆ ಬೇಜಾರಿನ ವಿಷಯ.

ಈ ಕ್ರಿಯಾಪದ ಬರೋ ಕನ್ನಡದ ಅತಿ ಪರಿಚಿತ ಸಾಲು ಅಂದ್ರೆ ಬಸವಣ್ಣನವರ ವಚನ, 'ಲೋಕದ ಡೊಂಕ ನೀವೇಕೆ ತಿದ್ದುವಿರಿ, ನಿಮ್ಮ ನಿಮ್ಮ ತನುವ ಸಂತೈಸಿಕೊಳ್ಳಿ, ನಿಮ್ಮ ನಿಮ್ಮ ಮನವ ಸಂತೈಸಿಕೊಳ್ಳಿ'. ಇಲ್ಲಿ ತಿದ್ದೋದಕ್ಕೆ ಜೋಡಿ ಆಗಿರೋದು ಡೊಂಕು, ಅಂದ್ರೆ ಬಾಗಿದ್ದನ್ನ ನೆಟ್ಟಗೆ ಮಾಡೋದು ಅನ್ನೋ ಅರ್ಥ ಸ್ಪಷ್ಟವಾಗಿದೆ. ಇನ್ನೊಂದು ಗಮನಿಸಿ, ಲೋಕಕ್ಕೆ ತಿದ್ದು ಅನ್ನೋ ಪದ ಬಳಸಿದವರು ತನ್ನ ತನುಮನಕ್ಕೆ ಬಂದಾಗ ಅದನ್ನ ಬಿಟ್ಟು ಸಂತೈಸು ಅನ್ನೋ ಪದ ಹಿಡೀತಾರೆ. ಬೇರೆಯವರ ಮೇಲೆ ಕೈ ಹಾಕೋದು ಬೇರೆ, ತನ್ನನ್ನ ತಾನು ನೋಡಿಕೊಳ್ಳೋದು ಬೇರೆ ಅನ್ನೋದು ಕ್ರಿಯಾಪದದ ಆಯ್ಕೆಯಲ್ಲೇ ಇದೆ. ತುಂಬಾ ಜನ ಈ ವಚನವನ್ನ ಸುಮ್ನೆ ನಿನ್ನ ಕೆಲಸ ನೋಡ್ಕೋ ಅಂತ ಬಾಯಿ ಮುಚ್ಚಿಸೋಕೆ ಬಳಸ್ತಾರೆ, ನನಗೆ ಅದು ಒಪ್ಪಿಗೆ ಇಲ್ಲ, ಹೇಳಿದವರು ತಮ್ಮ ಕಾಲದ ಸಮಾಜವನ್ನೇ ಅಲುಗಾಡಿಸಿದವರು. ತಿದ್ದೋ ಅಧಿಕಾರ ಇದೆ ಅಂದುಕೊಂಡವನು ಮೊದಲು ತನ್ನನ್ನ ಪರೀಕ್ಷೆಗೆ ಒಡ್ಡಿಕೊಳ್ಳಲಿ ಅನ್ನೋ ಅರ್ಥದಲ್ಲೇ ನಾನು ಅದನ್ನ ಓದೋದು.

ತಿದ್ದು ಪಕ್ಕದಲ್ಲಿ ಹೊರಗಿಂದ ಬಂದು ಕೂತ ಪದಗಳೂ ಇವೆ. ದುರಸ್ತಿ ಪಾರ್ಸಿಯದು, ದುರುಸ್ತ್ ಅಂದ್ರೆ ಸರಿಯಾಗಿರೋದು, ನೆಟ್ಟಗಿರೋದು. ರಸ್ತೆ ದುರಸ್ತಿ ಎಲ್ಲರಿಗೂ ಗೊತ್ತು, ಆದ್ರೆ ಸರ್ವೆ ಇಲಾಖೆಯಲ್ಲಿ ಪೋಡಿ ದುರಸ್ತಿ ಅಂತ ಒಂದಿದೆ, ಒಂದೇ ಸರ್ವೆ ನಂಬರಿನಲ್ಲಿ ಹಲವರ ಹೆಸರು ಸೇರ್ಕೊಂಡಿದ್ರೆ ಅಳತೆ ಮಾಡಿ ಬೇರೆ ಬೇರೆ ನಕ್ಷೆ, ಬೇರೆ ಬೇರೆ ನಂಬರ್ ಮಾಡಿಕೊಡೋದು, ಹಳ್ಳಿ ಕಡೆ ಇದಕ್ಕೆ ವರ್ಷಗಟ್ಟಲೆ ಅಲೆದವರು ಇದ್ದಾರೆ. ಉತ್ತರ ಕರ್ನಾಟಕದಲ್ಲಿ ಬರೋಬ್ಬರಿ ಮಾಡು ಅಂತಾರೆ, ಅದು ಮರಾಠಿ ಕಡೆಯಿಂದ ಬಂದಿದ್ದು. ಪರಿಷ್ಕರಣೆ ಸಂಸ್ಕೃತದ್ದು, ಸ್ವಲ್ಪ ಗಂಭೀರ, ಪುಸ್ತಕ, ಸಂಬಳ, ಮತದಾರರ ಪಟ್ಟಿ ಇವಕ್ಕೆ. ಸುಧಾರಣೆ ಅನ್ನೋದು ಇನ್ನೂ ದೊಡ್ಡದು, ಆದ್ರೆ ಮನೆ ಮಾತಲ್ಲಿ ಸ್ವಲ್ಪ ಸುಧಾರಿಸ್ಕೋ ಅಂದ್ರೆ ಸುಸ್ತು ಕಳ್ಕೋ ಅಂತ ಅರ್ಥ. ಸಂಶೋಧನೆ ಅಂತೂ ವಿಚಿತ್ರ, ಹಿಂದಿಯಲ್ಲಿ ಸಂಶೋಧನ್ ಅಂದ್ರೆ ತಿದ್ದುಪಡಿ, ನಮಗೆ ಅದು ರಿಸರ್ಚ್, ಹಿಂದಿ ಸುದ್ದಿಯನ್ನ ಅವಸರದಲ್ಲಿ ಕನ್ನಡಕ್ಕೆ ತರೋವಾಗ ಎಡವೋ ಜಾಗ ಇದು.

ಕಾನೂನಿನ ವಿಷಯಕ್ಕೆ ಬಂದ್ರೆ ಈ ಪದದ ಸ್ವಭಾವ ಅತಿ ಚೆನ್ನಾಗಿ ಗೊತ್ತಾಗೋದು ಕರ್ನಾಟಕ ಭೂ ಸುಧಾರಣಾ ಕಾಯ್ದೆಯಲ್ಲಿ. ಮೂಲ ಕಾಯ್ದೆ 1961ರದ್ದು. ದೇವರಾಜ ಅರಸು ಮುಖ್ಯಮಂತ್ರಿ ಆಗಿದ್ದಾಗ ಅದಕ್ಕೊಂದು ತಿದ್ದುಪಡಿ ಬಂತು, 1974ರ ಮಾರ್ಚ್ 1ರಿಂದ ಗೇಣಿ ಜಮೀನು ಸರ್ಕಾರದ ವಶಕ್ಕೆ ಬಂದು, ಉಳೋ ಗೇಣಿದಾರ ಭೂನ್ಯಾಯ ಮಂಡಳಿಗೆ ಅರ್ಜಿ ಹಾಕಿ ಅದರ ಒಡೆಯ ಆಗೋ ದಾರಿ ತೆರೀತು. ಉಳುವವನೇ ಹೊಲದೊಡೆಯ ಅನ್ನೋ ಮಾತು ಕಾನೂನಾಗಿದ್ದು ಹಾಗೆ, ಕರಾವಳಿ ಮಲೆನಾಡಲ್ಲಿ ಎಷ್ಟೋ ಮನೆಗಳ ಹಣೆಬರಹ ಅಲ್ಲಿಂದ ಬದಲಾಯ್ತು. ಅದೇ ಕಾಯ್ದೆಗೆ 2020ರಲ್ಲಿ ಇನ್ನೊಂದು ತಿದ್ದುಪಡಿ ಬಂತು, ಮೊದಲು ಸುಗ್ರೀವಾಜ್ಞೆ, ಆಮೇಲೆ ಮಸೂದೆ, 79ಎ, 79ಬಿ, 79ಸಿ ಸೆಕ್ಷನ್‌ಗಳನ್ನ ತೆಗೆದುಹಾಕಿದ್ರು, ಅಂದ್ರೆ ವ್ಯವಸಾಯಗಾರ ಅಲ್ಲದವರು ಕೃಷಿ ಜಮೀನು ಕೊಳ್ಳೋದಕ್ಕೆ ಇದ್ದ ತಡೆ ಹೋಯ್ತು. ರೈತ ಸಂಘಟನೆಗಳು ಬೀದಿಗೆ ಇಳಿದ್ವು, ಸರ್ಕಾರ ಇದರಿಂದ ಬಂಡವಾಳ ಬರುತ್ತೆ ಅಂತು. ಈಗ ನೋಡಿ, ಒಂದು ತಿದ್ದುಪಡಿ ಜಮೀನನ್ನ ಉಳೋನ ಕಡೆ ತಳ್ಳಿತು, ಇನ್ನೊಂದು ಜಮೀನನ್ನ ಮಾರ್ಕೆಟ್ ಕಡೆ ತೆರೆದಿಟ್ಟಿತು, ಎರಡೂ ಭೂ ಸುಧಾರಣಾ ತಿದ್ದುಪಡಿಯೇ. ಸುಧಾರಣೆ ಅನ್ನೋದೂ ಒಳ್ಳೇ ಪದ, ತಿದ್ದುಪಡಿ ಅನ್ನೋದೂ ಒಳ್ಳೇ ಪದ, ಎರಡೂ ಸೇರಿ ಕೂತಾಗ ಒಳಗೆ ಏನಿದೆ ಅಂತ ನೋಡೋ ಮೊದಲೇ ತಲೆ ಅಲ್ಲಾಡಿಸಿಬಿಡ್ತೀವಿ.

ಹಾಗಾದ್ರೆ ತಿದ್ದೋದಕ್ಕೆ ಮಿತಿ ಇಲ್ವಾ ಅಂದ್ರೆ, ಈ ಪ್ರಶ್ನೆ ಸುಪ್ರೀಂ ಕೋರ್ಟಿಗೂ ಹೋಗಿತ್ತು, ಹೋಗಿದ್ದು ಕಾಸರಗೋಡಿನ ಎಡನೀರು ಮಠದಿಂದ. ಮಠದ ಸ್ವಾಮಿಗಳಾಗಿದ್ದ ಕೇಶವಾನಂದ ಭಾರತಿಯವರು ಕೇರಳದ ಭೂ ಸುಧಾರಣಾ ಕಾನೂನಿಂದ ಮಠದ ಜಮೀನು ಹೋಗುತ್ತೆ ಅಂತ ಕೋರ್ಟಿಗೆ ಹೋದ್ರು, ಕೇಸು ಬೆಳೀತಾ ಬೆಳೀತಾ ಸಂವಿಧಾನವನ್ನ ಸಂಸತ್ತು ಎಲ್ಲಿವರೆಗೆ ತಿದ್ದಬಹುದು ಅನ್ನೋ ಪ್ರಶ್ನೆಗೆ ಬಂದು ನಿಂತಿತು. 13 ನ್ಯಾಯಮೂರ್ತಿಗಳ ಪೀಠ 1973ರ ಏಪ್ರಿಲ್ 24ರಂದು 7-6ರ ಬಹುಮತದಲ್ಲಿ ತೀರ್ಪು ಕೊಡ್ತು, ಸಂವಿಧಾನ ತಿದ್ದೋ ಅಧಿಕಾರ ಕೊಡೋ 368ನೇ ವಿಧಿಯಲ್ಲಿ ಯಾವ ಭಾಗವನ್ನಾದ್ರೂ ತಿದ್ದಬಹುದು ಆದ್ರೆ ಮೂಲ ರಚನೆಯನ್ನ ಕೆಡವೋ ಹಾಗಿಲ್ಲ ಅಂತ. ಅದರ ಹಿಂದಿನ ತರ್ಕ ನಮ್ಮ ಈ ಚರ್ಚೆಗೆ ನೇರ ಸಂಬಂಧಪಟ್ಟಿದ್ದು, ತಿದ್ದುಪಡಿ ಅಂದ್ರೇನೇ ತಿದ್ದಿದ ಮೇಲೂ ಹಳೇದು ತನ್ನ ಗುರುತು ಕಳ್ಕೊಳ್ಳದೆ ಉಳಿಬೇಕು, ಗುರುತೇ ಉಳಿಯದಿದ್ರೆ ಅದನ್ನ ತಿದ್ದಿದ್ದು ಅನ್ನೋಕಾಗಲ್ಲ. 1976ರಲ್ಲಿ ತುರ್ತುಪರಿಸ್ಥಿತಿ ಹೊತ್ತಿನ 42ನೇ ತಿದ್ದುಪಡಿ ಈ ಮಿತಿಯನ್ನೇ ತೆಗೆಯೋಕೆ ನೋಡಿತು, ಸಂಸತ್ತಿನ ತಿದ್ದೋ ಅಧಿಕಾರಕ್ಕೆ ಎಲ್ಲೆ ಇಲ್ಲ, ಕೋರ್ಟು ಪ್ರಶ್ನೆ ಮಾಡೋ ಹಾಗಿಲ್ಲ ಅಂತ 368ನೇ ವಿಧಿಗೇ ಸೇರಿಸಿದ್ರು. 1980ರಲ್ಲಿ ಮಿನರ್ವ ಮಿಲ್ಸ್ ಕೇಸಲ್ಲಿ, ಅದೂ ಬೆಂಗಳೂರಿನ ಬಟ್ಟೆ ಗಿರಣಿ, ಸುಪ್ರೀಂ ಕೋರ್ಟು ಆ ಭಾಗವನ್ನ ಹೊಡೆದುಹಾಕಿತು. 2023ರ ಮಹಿಳಾ ಮೀಸಲಾತಿಗೆ ಬರೋ ಹೊತ್ತಿಗೆ ತಿದ್ದುಪಡಿಗಳ ಸಂಖ್ಯೆ 106 ಆಗಿತ್ತು, ಪ್ರತಿಯೊಂದಕ್ಕೂ ನಂಬರ್ ಇದೆ, ವರ್ಷ ಇದೆ, ಮೊದಲು ಏನಿತ್ತು ಆಮೇಲೆ ಏನಾಯ್ತು ಅಂತ ಯಾರು ಬೇಕಾದ್ರೂ ತೆಗೆದು ಓದಬಹುದು. ಈ ಕೊನೇ ವಿಷಯ ನನ್ನ ಕಣ್ಣಿಗೆ ಎಲ್ಲಕ್ಕಿಂತ ಮುಖ್ಯ.

ಯಾಕಂದ್ರೆ ಒಳ್ಳೇ ತಿದ್ದುವಿಕೆಯನ್ನೂ ಕಳ್ಳ ತಿದ್ದುವಿಕೆಯನ್ನೂ ಬೇರೆ ಮಾಡೋ ಕೆಲಸ ಕ್ರಿಯಾಪದ ಮಾಡದೇ ಇದ್ರೂ ಹಳೇ ಕಾಲದಿಂದ ಅದಕ್ಕೆ ಪದ್ಧತಿಗಳು ಇದ್ವು. ಹಳೇ ಗೆರೆ ಕಾಣ್ತಾ ಇರಬೇಕು, ತಿದ್ದಿದವನ ಗುರುತು ಇರಬೇಕು. ಕೈಬರಹದ ಪತ್ರಗಳಲ್ಲಿ ಚಿತ್ತು ಕಾಟು ಇದ್ರೆ ಅಲ್ಲೇ ಪಕ್ಕದಲ್ಲಿ ಸಹಿ ಹಾಕಿಸ್ತಾರೆ. 1908ರ ನೋಂದಣಿ ಕಾಯ್ದೆಯ 20ನೇ ಸೆಕ್ಷನ್ ಇದನ್ನೇ ಹೇಳುತ್ತೆ, ಸಾಲುಗಳ ಮಧ್ಯೆ ಸೇರಿಸಿದ್ದು, ಖಾಲಿ ಬಿಟ್ಟಿದ್ದು, ಅಳಿಸಿದ್ದು, ಬದಲಾಯಿಸಿದ್ದು ಇರೋ ಪತ್ರಕ್ಕೆ ಬರೆದುಕೊಟ್ಟವರ ಸಹಿಯೋ ಇನಿಷಿಯಲ್ಲೋ ಅಲ್ಲಲ್ಲೇ ಇಲ್ಲದಿದ್ರೆ ಸಬ್ ರಿಜಿಸ್ಟ್ರಾರ್ ರಿಜಿಸ್ಟರ್ ಮಾಡಲ್ಲ ಅನ್ನಬಹುದು. ಹಳೇ ಕಾವ್ಯಗಳನ್ನ ಓಲೆಗರಿಗಳಿಂದ ಅಚ್ಚಿಗೆ ತಂದ ನಮ್ಮ ವಿದ್ವಾಂಸರೂ ಇದೇ ಶಿಸ್ತು ಪಾಲಿಸಿದವರು, ಒಂದು ಪ್ರತಿಯಲ್ಲಿ ಒಂದು ಪಾಠ, ಇನ್ನೊಂದರಲ್ಲಿ ಇನ್ನೊಂದು ಅಂತ ಇದ್ರೆ ತಮಗೆ ಸರಿ ಅನಿಸಿದ್ದನ್ನ ಮೇಲೆ ಹಾಕಿ ಬಿಟ್ಟಿದ್ದನ್ನ ಪುಟದ ಕೆಳಗೆ ಪಾಠಾಂತರ ಅಂತ ಕೊಡ್ತಿದ್ರು, ಮುಂದೆ ಯಾರಾದ್ರೂ ಬಂದು ನೀವು ಬಿಟ್ಟಿದ್ದೇ ಸರಿ ಅಂತ ತೋರಿಸೋಕೆ ದಾರಿ ಇಡ್ತಿದ್ರು. ಪುಸ್ತಕ ಅಚ್ಚಾದ ಮೇಲೆ ತಪ್ಪು ಒಪ್ಪುಗಳ ಪಟ್ಟಿ ಅಂತ ಕೊನೇಲಿ ಒಂದು ಹಾಳೆ ಅಂಟಿಸೋದೂ ಅದೇ ಮನಸ್ಸಿನಿಂದ ಬಂದಿದ್ದು. ಎಷ್ಟು ದೊಡ್ಡ ಗೌರವ ಅದು ಓದುಗನಿಗೆ!

ಪೇಪರ್ರಿಂದ ಕಂಪ್ಯೂಟರಿಗೆ ಬಂದಾಗ ಈ ಗುರುತು ನಮ್ಮ ಕಣ್ಣಿಂದ ಮರೆಯಾಯ್ತು. ಹಾಳೆ ಮೇಲೆ ಅಳಿಸಿದ್ರೆ ಮಸಿ ಹರಡಿರುತ್ತೆ, ಹಾಳೆ ಸವೆದಿರುತ್ತೆ, ಅಕ್ಷರದ ಓಟ ಬೇರೆ ಇರುತ್ತೆ, ಸ್ಕ್ರೀನ್ ಮೇಲೆ ಹೊಸ ಹೆಸರು ಹಳೇ ಹೆಸರಷ್ಟೇ ನೀಟಾಗಿ ಕೂತಿರುತ್ತೆ. ಕರ್ನಾಟಕ ಭೂಮಿ ಯೋಜನೆಯಲ್ಲಿ ಪಹಣಿಗಳನ್ನ ಕಂಪ್ಯೂಟರಿಗೆ ಹಾಕಿದ್ದು ದೇಶದಲ್ಲೇ ಮೊದಲ ದೊಡ್ಡ ಪ್ರಯತ್ನಗಳಲ್ಲಿ ಒಂದು, ಸುಮಾರು 2 ಕೋಟಿ ಪಹಣಿ, ಅದರಿಂದ ಕೈಬರಹದಲ್ಲಿ ಯಾರೋ ಏನೋ ಸೇರಿಸಿಬಿಡೋ ಕಾಟ ಎಷ್ಟೋ ಕಮ್ಮಿ ಆಯ್ತು, ಅದನ್ನ ಒಪ್ಪಲೇಬೇಕು. ಆದ್ರೆ ಕೈಬರಹದಲ್ಲಿದ್ದ ತಪ್ಪುಗಳು ಹಾಗೇ ಒಳಗೆ ಹೋಗಿ ಅಚ್ಚಿನ ಅಕ್ಷರದ ಗೌರವ ಪಡ್ಕೊಂಡ್ವು. ಅಪ್ಪನ ಹೆಸರಲ್ಲಿ ಒಂದು ಅಕ್ಷರ ಹೆಚ್ಚು ಕಮ್ಮಿ ಆಗಿದ್ರೂ ಈಗ ತಹಶೀಲ್ದಾರ್ ಆಫೀಸಿಗೆ ಅಲೀಬೇಕು. ಪಹಣಿಯಲ್ಲಿ ಒಂದು ಒಳ್ಳೇ ವ್ಯವಸ್ಥೆ ಉಳಿದಿದೆ, 9ನೇ ಕಾಲಂನಲ್ಲಿ ಮಾಲೀಕನ ಹೆಸರು, ಪಕ್ಕದ 10ನೇ ಕಾಲಂನಲ್ಲಿ ಆ ಹೆಸರು ಹೇಗೆ ಬಂತು ಅನ್ನೋದು, ಎಂಆರ್ ನಂಬರ್ (ಮ್ಯುಟೇಶನ್ ರಿಜಿಸ್ಟರ್, ಅಂದ್ರೆ ಹೆಸರು ಬದಲಾವಣೆ ದಾಖಲಾಗೋ ಪುಸ್ತಕದ ನಂಬರ್) ಸಮೇತ. ಜಮೀನು ತಗೊಳ್ಳೋರು, ಪಾಲು ಮಾಡ್ಕೊಳ್ಳೋರು ಎಲ್ಲರೂ 9 ನೋಡಿ ಸಮಾಧಾನ ಪಟ್ಕೊಳ್ತಾರೆ, ನೋಡಬೇಕಾಗಿರೋದು 10, ಆ ಎಂಆರ್ ಹಿಡಿದು ಹಿಂದಿನ ಹೆಸರಿಗೆ, ಅದರ ಹಿಂದಿನ ಹೆಸರಿಗೆ ಹೋಗಬಹುದು.

ಹುಟ್ಟಿದ ತಾರೀಖಿನ ವಿಷಯದಲ್ಲಿ ಕಾನೂನು ಇನ್ನೊಂದು ಥರ ಯೋಚಿಸಿದೆ. ಸರ್ಕಾರಿ ನೌಕರಿಗೆ ಸೇರಿದವರು ರಿಟೈರ್ ಆಗೋ ಹೊತ್ತಿಗೆ ವಯಸ್ಸು ತಿದ್ದಿಸೋಕೆ ಹೊರಡೋದು ಹಳೇ ಕಥೆ, ಅದಕ್ಕೇ 1974ರ ಕರ್ನಾಟಕದ ಕಾಯ್ದೆ ಸರ್ವಿಸ್ ರಿಜಿಸ್ಟರಿನಲ್ಲಿ ತಾರೀಖು ದಾಖಲಾದ ಮೂರು ವರ್ಷದ ಒಳಗೆ ಕೇಳಬೇಕು ಅಂತ ಗಡುವು ಹಾಕಿದೆ. ಅಂದ್ರೆ ತಾರೀಖು ನಿಜವಾಗಲೂ ತಪ್ಪಿದ್ರೂ ಗಡುವು ದಾಟಿದ ಮೇಲೆ ಅದೇ ಸರಿ. ಕೆಲವರಿಗೆ ಇದರಿಂದ ಅನ್ಯಾಯ ಆಗಿರಬಹುದು, ಆದ್ರೂ ಯಾವಾಗ ಬೇಕಾದ್ರೂ ತಿದ್ದಬಹುದು ಅಂತ ಆದ್ರೆ ದಾಖಲೆ ಅನ್ನೋದಕ್ಕೇ ಬೆಲೆ ಇರಲ್ಲ ಅನ್ನೋ ವಾದ ನನಗೆ ಸರಿ ಅನಿಸುತ್ತೆ.

ಕಳ್ಳ ತಿದ್ದುವಿಕೆಗೆ ನಮ್ಮಲ್ಲಿ ಇತ್ತೀಚಿನ ದೊಡ್ಡ ಪಾಠ ಅಂದ್ರೆ 545 ಪಿಎಸ್ಐ ಹುದ್ದೆಗಳ ನೇಮಕಾತಿ. 2021ರ ಅಕ್ಟೋಬರಲ್ಲಿ ಪರೀಕ್ಷೆ ಆಯ್ತು, ಓಎಂಆರ್ ಶೀಟುಗಳನ್ನ, ಅಂದ್ರೆ ಗುಂಡಿ ಕಪ್ಪು ಮಾಡಿ ಉತ್ತರ ಗುರುತಿಸೋ ಹಾಳೆಗಳನ್ನ, ಆಮೇಲೆ ತುಂಬಿದ್ದಾರೆ, ತಿದ್ದಿದ್ದಾರೆ ಅನ್ನೋ ಆರೋಪ ಬಂತು, ಸಿಐಡಿ ತನಿಖೆ ನಡೀತು, 2022ರ ಏಪ್ರಿಲ್‌ನಲ್ಲಿ ಸರ್ಕಾರ ಫಲಿತಾಂಶ ರದ್ದು ಮಾಡ್ತು, ಮರುಪರೀಕ್ಷೆ ನಡೆದಿದ್ದು 2024ರ ಜನವರಿಯಲ್ಲಿ. ಆ ಅಷ್ಟು ಕಾಲ ಕಷ್ಟಪಟ್ಟು ಓದಿ ನಿಯತ್ತಾಗಿ ಬರೆದ ಹುಡುಗ ಹುಡುಗಿಯರು ಕಾಯ್ತಾ ಕೂತಿದ್ರು. ಅಭ್ಯರ್ಥಿಗೆ ಕಾರ್ಬನ್ ಪ್ರತಿ ಕೊಡೋ ಪದ್ಧತಿ ಇರೋದು ಇದಕ್ಕೇ, ಮೂಲ ಶೀಟಲ್ಲಿ ಒಂದು ಗುಂಡಿ ಹೆಚ್ಚು ಕಪ್ಪಾದ್ರೂ ಎರಡನ್ನೂ ಪಕ್ಕದಲ್ಲಿ ಇಟ್ರೆ ಸಿಕ್ಕಿಬೀಳುತ್ತೆ. ಎರಡನೇ ಪ್ರತಿ ಇನ್ನೊಬ್ಬರ ಕೈಲಿರೋವರೆಗೂ ತಿದ್ದೋನಿಗೆ ಭಯ ಇರುತ್ತೆ. ನಮ್ಮ ಕೈಯಲ್ಲಿರೋ ವಾಟ್ಸಾಪಿನಲ್ಲೂ ಇದರ ಒಂದು ಚಿಕ್ಕ ರೂಪ ಇದೆ, 2023ರಿಂದ ಕಳಿಸಿದ ಮೆಸೇಜನ್ನ 15 ನಿಮಿಷದ ಒಳಗೆ ತಿದ್ದಬಹುದು, ಎಡಿಟೆಡ್ ಅಂತ ಪಕ್ಕದಲ್ಲಿ ಬರುತ್ತೆ, ಆದ್ರೆ ಮೊದಲು ಏನು ಬರೆದಿದ್ರು ಅಂತ ತೋರಿಸಲ್ಲ. ವಿಕಿಪೀಡಿಯದಲ್ಲಿ ಹಾಗಲ್ಲ, ಪ್ರತಿ ಪುಟಕ್ಕೂ ಇತಿಹಾಸ ಅಂತ ಒಂದು ಭಾಗ ಇದೆ, ಅಲ್ಲಿ ಒಂದು ಕಾಮಾ ಬದಲಾಗಿದ್ರೂ ಯಾವಾಗ ಬದಲಾಯ್ತು, ಹಿಂದೆ ಹೇಗಿತ್ತು ಅಂತ ಸಿಗುತ್ತೆ.

ಈಗ ಅತಿ ಬಿಸಿ ಇರೋ ವಿಷಯ ಮತದಾರರ ಪಟ್ಟಿ. ಪಟ್ಟಿಗೆ ಹೆಸರು ಸೇರಿಸೋಕೆ ಫಾರಂ 6, ಇರೋ ಹೆಸರಿಗೆ ಆಕ್ಷೇಪಣೆ ಹಾಕೋಕೆ ಅಥವಾ ತೆಗೆಸೋಕೆ ಫಾರಂ 7, ತಿದ್ದುಪಡಿ ಮತ್ತು ವಿಳಾಸ ಬದಲಾವಣೆಗೆ ಫಾರಂ 8. ಫಾರಂ ಮಟ್ಟದಲ್ಲಿ ಸೇರಿಸೋದು, ತೆಗೆಯೋದು, ತಿದ್ದೋದು ಮೂರೂ ಬೇರೆ ಬೇರೆ ಇದೆ, ತುಂಬಾ ಸರಿ. ಆದ್ರೆ ಇಡೀ ಕೆಲಸಕ್ಕೆ ಪರಿಷ್ಕರಣೆ ಅಂತ ಒಂದೇ ಹೆಸರು ಕೊಟ್ಟಾಗ ಮೂರೂ ಬೆರೆತುಹೋಗುತ್ತೆ, ನನ್ನ ಹೆಸರಿನ ಸ್ಪೆಲ್ಲಿಂಗ್ ಸರಿ ಮಾಡೋದೂ ಪರಿಷ್ಕರಣೆ, ನನ್ನ ಹೆಸರನ್ನೇ ಕಿತ್ತುಹಾಕೋದೂ ಪರಿಷ್ಕರಣೆ. 2025ರಲ್ಲಿ ಬಿಹಾರದಲ್ಲಿ ಚುನಾವಣಾ ಆಯೋಗ ವಿಶೇಷ ತೀವ್ರ ಪರಿಷ್ಕರಣೆ ಮಾಡ್ತು, ಆಗಸ್ಟ್ 1ರಂದು ಬಂದ ಕರಡು ಪಟ್ಟಿಯಲ್ಲಿ ಹಿಂದೆ ಇದ್ದ ಸುಮಾರು 7.89 ಕೋಟಿ ಹೆಸರು 7.24 ಕೋಟಿ ಆಗಿತ್ತು, 65 ಲಕ್ಷದಷ್ಟು ಹೆಸರು ಇರಲಿಲ್ಲ. ಸತ್ತವರು, ಊರು ಬಿಟ್ಟವರು, ಎರಡು ಕಡೆ ಹೆಸರಿದ್ದವರು ಅಂತ ಆಯೋಗದ ವಿವರಣೆ, ಬದುಕಿರೋರ ಹೆಸರೂ ಹೋಗಿದೆ ಅಂತ ವಿರೋಧಿಸಿದವರ ದೂರು. ಸತ್ತವರ ಹೆಸರು ಪಟ್ಟಿಯಲ್ಲಿ ಇರಬಾರದು ಅನ್ನೋದರಲ್ಲಿ ಯಾರಿಗೂ ತಕರಾರಿಲ್ಲ. ಸತ್ತಿದ್ದಾನೆ ಅಂತ ಬರೆದವರು ಯಾರು, ಯಾವ ಆಧಾರದ ಮೇಲೆ, ಬದುಕಿರೋನಿಗೆ ಅದು ಗೊತ್ತಾಗೋದು ಹೇಗೆ, ಜಗಳ ಇದ್ದಿದ್ದು ಅಲ್ಲಿ.

ಆಗಸ್ಟ್ 14ರಂದು ಸುಪ್ರೀಂ ಕೋರ್ಟು ಕೊಟ್ಟ ಮಧ್ಯಂತರ ಆದೇಶ ಪರಿಷ್ಕರಣೆಯನ್ನ ನಿಲ್ಲಿಸಲಿಲ್ಲ. ಬಿಟ್ಟುಹೋದ 65 ಲಕ್ಷ ಹೆಸರುಗಳ ಪಟ್ಟಿಯನ್ನ, ಒಬ್ಬೊಬ್ಬರನ್ನೂ ಯಾಕೆ ಬಿಟ್ಟಿದ್ದು ಅನ್ನೋ ಕಾರಣದ ಸಮೇತ ಜನರಿಗೆ ಕಾಣೋ ಹಾಗೆ ಹಾಕಿ ಅಂತು, ವೆಬ್‌ಸೈಟಲ್ಲಿ ಹುಡುಕೋಕೆ ಬರೋ ಹಾಗೆ, ಸ್ಥಳೀಯ ಕಚೇರಿಗಳಲ್ಲೂ ಅಂಟಿಸಬೇಕು ಅಂತು. ಸೆಪ್ಟೆಂಬರ್ 30ರಂದು ಬಂದ ಅಂತಿಮ ಪಟ್ಟಿಯಲ್ಲಿ 7.42 ಕೋಟಿ ಹೆಸರು ಇತ್ತು, ಕರಡಿಗಿಂತ ಹೆಚ್ಚು. ನಮ್ಮ ರಾಜ್ಯದಲ್ಲೂ ಪಟ್ಟಿ ಪರಿಷ್ಕರಣೆ ಅಂತ ಸುದ್ದಿ ಬಂದಾಗ ಮೊದಲು ಕರಡು ಪಟ್ಟಿಯಲ್ಲಿ ನಿಮ್ಮ ಹೆಸರು, ಮನೆಯವರ ಹೆಸರು, ಅಕ್ಕಪಕ್ಕದ ವಯಸ್ಸಾದವರ ಹೆಸರು ನೋಡಿ, ಇಲ್ಲದಿದ್ರೆ ಬಿಟ್ಟವರ ಪಟ್ಟಿ ಕೇಳಿ, ಕಾರಣ ಏನು ಬರೆದಿದ್ದಾರೆ ಅಂತ ಬಿಎಲ್ಒ (ಮತಗಟ್ಟೆ ಮಟ್ಟದ ಅಧಿಕಾರಿ) ಹತ್ತಿರ ಕೇಳಿ ತಿಳ್ಕೊಂಡು, ಆಕ್ಷೇಪಣೆಗೆ ಕೊಟ್ಟ ತಾರೀಖು ಮುಗಿಯೋ ಒಳಗೆ ಅರ್ಜಿ ಕೊಟ್ಟು ಸ್ವೀಕೃತಿ ಇಸ್ಕೊಳ್ಳಿ.